ಹೊನ್ನಾವರದ ಕಡೆಯ ಬೇಲೆ: ಮಳೆಗಾಲದಲ್ಲಿ ಹೋದ ಹೊಯಿಗೆ ತಿರುಗಿ ಬರುತ್ತದೆಯೇ?

ಪ್ರಶ್ನೆ: ಶಿರಸಿ ಓದುಗ

ಶರಾವತಿ ಅಳಿವೆಯ ಉತ್ತರಕ್ಕೆ, ಕಡಲಿಗೆ ಮುಖ ಮಾಡಿದ ಒಂದು ಕೇರಿಯಲ್ಲಿ ನಮ್ಮ ಸೋದರತ್ತೆಯವರ ಮನೆಯೂ ಸಣ್ಣದೊಂದು ತೆಂಗಿನ ತೋಟವೂ ಇವೆ. ನಾನು ಘಟ್ಟದ ಮೇಲಿನವನಾದ್ದರಿಂದ ಕಡಲಿನ ನಡೆ ನನಗೆ ಅಷ್ಟಾಗಿ ತಿಳಿಯದು. ಬೇಸಿಗೆ ರಜೆಯಲ್ಲಿ ಹೋದಾಗ ತೋಟದ ಬೇಲಿಯಿಂದ ನೀರಿನವರೆಗೆ ಹುಡುಗರು ಕ್ರಿಕೆಟ್ ಆಡುವಷ್ಟು ಅಗಲದ ಬೇಲೆ (ಕಡಲದಂಡೆಯ ಹೊಯಿಗೆ, ಅಂದರೆ ಮರಳು) ಇತ್ತು. ಈ ಆಗಸ್ಟ್‌ನಲ್ಲಿ ಹೋದರೆ ಅದೇ ಜಾಗದಲ್ಲಿ ಗೋಡೆಯಂತೆ ನೆಟ್ಟಗೆ ಕಡಿದ ದಂಡೆ, ಹೊರಬಿದ್ದ ತೆಂಗಿನ ಬೇರು, ಮತ್ತು ಅಲ್ಲಲ್ಲಿ ಕಪ್ಪು ಮರಳಿನ ಪದರ ಕಾಣಿಸಿದವು.

ಕೇರಿಯವರು ಕಲ್ಲಿನ ತಡೆಗೋಡೆ ಬೇಕೆಂದು ಮನವಿಪತ್ರ ಸಿದ್ಧಪಡಿಸಿ ಅತ್ತೆಯವರ ಸಹಿಯನ್ನೂ ಕೇಳಿದ್ದಾರೆ. ಸಹಿ ಹಾಕುವ ಮೊದಲು ಅವರು ನನ್ನನ್ನು ಕೇಳಿದರು, ನಾನು ನಿಮ್ಮನ್ನು ಕೇಳುತ್ತಿದ್ದೇನೆ. ಇದು ಪ್ರತಿ ವರ್ಷ ಹೋಗಿ ಬರುವ ಮರಳೋ, ಅಥವಾ ನೆಲವೇ ಹೋಗುತ್ತಿದೆಯೋ ಎಂದು ಗುರುತಿಸುವುದು ಹೇಗೆ? ಗೋಡೆ ಕಟ್ಟಿದರೆ ಬೇಲೆ ಉಳಿಯುತ್ತದೆಯೇ? ಚಳಿಗಾಲದಲ್ಲಿ ಆ ಕಡೆ ಕಡಲಾಮೆಗಳು ಮೊಟ್ಟೆ ಇಡಲು ಬರುತ್ತವೆ ಎಂದು ಅತ್ತೆಯವರು ಹೇಳುತ್ತಾರೆ. ಗೋಡೆಯಿಂದ ಅವುಗಳಿಗೆ ಏನಾಗುತ್ತದೆ ಎಂಬುದನ್ನೂ ಬಲ್ಲವರು ತಿಳಿಸಬೇಕಾಗಿ ವಿನಂತಿ.

ಉತ್ತರ: ಕೋಡಿಬಾಗ

ಮೇ ತಿಂಗಳ ಬೇಲೆಯನ್ನು ಆಗಸ್ಟ್ ತಿಂಗಳ ಬೇಲೆಯೊಂದಿಗೆ ಹೋಲಿಸಿದರೆ ಮಾಜಾಳಿಯಿಂದ ಭಟ್ಕಳದವರೆಗೆ ಯಾವ ಊರಿನಲ್ಲಾದರೂ ಕಡಲು ನೆಲವನ್ನು ನುಂಗುತ್ತಿರುವಂತೆಯೇ ಕಾಣುತ್ತದೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನೈಋತ್ಯ ಮಾರುತ ಎಬ್ಬಿಸುವ ಅಲೆಗಳು ಎತ್ತರವಾಗಿರುತ್ತವೆ, ಒಂದರ ಬೆನ್ನಿಗೆ ಇನ್ನೊಂದು ಬರುತ್ತವೆ. ದಂಡೆಯ ಮೇಲೆ ಏರಿದ ನೀರಿಗೆ ಮರಳಿನೊಳಗೆ ಇಂಗಲು ಪುರಸೊತ್ತು ಸಿಗುವುದಿಲ್ಲ. ಅದು ಹಿಂದಕ್ಕೆ ಹರಿಯುವಾಗ ಮರಳನ್ನು ಎಳೆದೊಯ್ದು ದಡದಿಂದ ಸ್ವಲ್ಪ ದೂರದಲ್ಲಿ ನೀರಿನಡಿಯ ದಿಬ್ಬವಾಗಿ ಒಟ್ಟುತ್ತದೆ. ಆ ದಿಬ್ಬ ಬೆಳೆದಂತೆ ಮುಂದಿನ ದೊಡ್ಡ ಅಲೆಗಳು ದೂರದಲ್ಲಿಯೇ ಒಡೆದು ದಡಕ್ಕೆ ಬರುವಾಗ ಬಲಗುಂದಿರುತ್ತವೆ. ಅಂದರೆ ಬೇಲೆಯು ತನ್ನ ಮೈಯ ಮರಳನ್ನೇ ಕೊಟ್ಟು ದಡವನ್ನು ಕಾಯುತ್ತದೆ. ಅಕ್ಟೋಬರ್ ನಂತರ ಬರುವ ತಗ್ಗಾದ, ನಿಧಾನಗತಿಯ ಅಲೆಗಳು ಅದೇ ಮರಳನ್ನು ತುಸುತುಸುವಾಗಿ ಮೇಲಕ್ಕೆ ತಂದು ಹಾಕುತ್ತವೆ, ಮತ್ತು ಮಾರ್ಚ್–ಏಪ್ರಿಲ್ ಹೊತ್ತಿಗೆ ಬೇಲೆ ಮತ್ತೆ ತುಂಬಿಕೊಳ್ಳುತ್ತದೆ.

ಕಪ್ಪು ಪದರವೂ ಇದೇ ಲೆಕ್ಕಕ್ಕೆ ಸೇರುತ್ತದೆ. ನಮ್ಮ ಮರಳಿನಲ್ಲಿ ಹಗುರವಾದ ಬೆಣಚುಕಲ್ಲಿನ ಕಣಗಳ ಜೊತೆ ಇಲ್ಮನೈಟ್, ಮ್ಯಾಗ್ನಟೈಟ್‌ನಂತಹ ಭಾರದ ಖನಿಜಗಳೂ ಇರುತ್ತವೆ. ಅಲೆ ಹಗುರಾದುದನ್ನು ಒಯ್ದಾಗ ಭಾರವಾದುದು ಅಲ್ಲಿಯೇ ಉಳಿಯುತ್ತದೆ. ಅದು ಕೊರೆತ ನಡೆದಿದೆ ಎಂಬುದಕ್ಕೆ ಗುರುತು ಹೌದು, ಹೋದ ಮರಳು ಹಿಂತಿರುಗುವುದಿಲ್ಲ ಎಂಬುದಕ್ಕೆ ಅಲ್ಲ. ಕಡಿದ ದಂಡೆಯ ಮಾತೂ ಅಷ್ಟೇ.

ಇನ್ನು ಭರತ–ಇಳಿತದ ಗೊಂದಲ. ಅಮಾವಾಸ್ಯೆ, ಹುಣ್ಣಿಮೆಗಳ ಹೊತ್ತಿನಲ್ಲಿ ಕಾರವಾರದ ಕಡೆ ನೀರಿನ ಏರಿಳಿತ ಸುಮಾರು ಒಂದೂವರೆ ಮೀಟರ್ ಇರುತ್ತದೆ. ಮೂವತ್ತು ಮೀಟರ್‌ಗೆ ಒಂದು ಮೀಟರ್ ಇಳಿಯುವ ಬೇಲೆಯಲ್ಲಿ ಇಷ್ಟರಿಂದಲೇ ನೀರಿನ ಅಂಚು ಸುಮಾರು 45 ಮೀಟರ್ ಆಚೀಚೆ ಸರಿಯುತ್ತದೆ. ಇಳಿತದಲ್ಲಿ ತೆಗೆದ ಫೋಟೋವನ್ನು ಭರತದಲ್ಲಿ ತೆಗೆದ ಫೋಟೋದ ಪಕ್ಕದಲ್ಲಿಟ್ಟು “ನಮ್ಮೂರ ಬೇಲೆ ಹೋಯಿತು” ಎಂದು ವಾಟ್ಸಾಪ್‌ನಲ್ಲಿ ಹಂಚುವವರು ಇದನ್ನು ಗಮನಿಸುವುದೇ ಇಲ್ಲ.

ಹಾಗಾದರೆ ನೆಲ ಹೋಗುತ್ತಿದೆ ಎಂದು ಯಾವಾಗ ಹೇಳಬೇಕು? ಬೇಲೆಯ ಹಿಂದೆ ಬಳ್ಳಿ, ಹುಲ್ಲು ಹಿಡಿದಿಟ್ಟ ಮರಳಿನ ದಿಣ್ಣೆ ಇರುತ್ತದೆ. ಮಳೆಗಾಲಕ್ಕೆಂದು ಅಟ್ಟದಲ್ಲಿ ಒಟ್ಟಿಟ್ಟ ಕಟ್ಟಿಗೆಯ ಹಾಗೆ ಅದು ಬೇಲೆಯ ದಾಸ್ತಾನು. ದೊಡ್ಡ ತೂಫಾನಿನಲ್ಲಿ ಕಡಲು ಅದರಿಂದಲೇ ತೆಗೆದುಕೊಳ್ಳುತ್ತದೆ, ಮುಂದಿನ ಬೇಸಿಗೆಗಳಲ್ಲಿ ಗಾಳಿ ಅದನ್ನು ಮತ್ತೆ ತುಂಬುತ್ತದೆ. ಆ ದಿಣ್ಣೆಯ ಅಂಚು ಒಂದರ ಮೇಲೊಂದು ಬೇಸಿಗೆಯಲ್ಲಿ ಹಿಂದಕ್ಕೇ ಸರಿಯುತ್ತಿದ್ದರೆ, ತುಂಬಿಕೊಂಡ ಮಾರ್ಚ್ ತಿಂಗಳಲ್ಲಿಯೂ ತೆಂಗಿನ ಬೇರು ಮುಚ್ಚಿಕೊಳ್ಳದಿದ್ದರೆ, ಅದು ಋತುವಿನ ಆಟವಲ್ಲ.

ನಿಮ್ಮ ಅತ್ತೆಯವರ ಕೇರಿ ಅಳಿವೆಗೆ ಹತ್ತಿರವಿರುವುದರಿಂದ ವಿಷಯ ಇನ್ನಷ್ಟು ಜಟಿಲವಾಗುತ್ತದೆ. ಗೋಕರ್ಣದ ಕುಡ್ಲೆ, ಓಂ ಬೇಲೆಗಳಂತೆ ಎರಡು ಬಂಡೆಯ ಮೂಗುಗಳ ನಡುವೆ ಕುಳಿತ ಬೇಲೆಗಳಲ್ಲಿ ಮರಳು ಹೆಚ್ಚಾಗಿ ಆ ಕೊಲ್ಲಿಯೊಳಗೇ ತಿರುಗುತ್ತದೆ: ಅಲೆ ಬರುವ ದಿಕ್ಕು ಬದಲಾದಂತೆ ಒಂದು ತುದಿ ಸವೆದು ಇನ್ನೊಂದು ತುದಿ ತುಂಬುತ್ತದೆ. ಆದರೆ ಕಾಳಿ, ಗಂಗಾವಳಿ, ಅಘನಾಶಿನಿ, ಶರಾವತಿ ಕಡಲು ಸೇರುವಲ್ಲಿ ದಡಕ್ಕೆ ಸಮಾನಾಂತರವಾಗಿ ಸಾಗುವ ಮರಳು ಉದ್ದನೆಯ ನಾಲಗೆಯಾಗಿ ಚಾಚಿಕೊಳ್ಳುತ್ತದೆ. ಹೊನ್ನಾವರದಲ್ಲಿ ಉತ್ತರಕ್ಕೆ ಪಾವಿನಕುರ್ವೆಯ ದಂಡೆ, ದಕ್ಷಿಣಕ್ಕೆ ಕಾಸರಕೋಡ ಟೊಂಕ ಇವೆ. ಇಂತಹ ಮರಳಿನ ನಾಲಗೆ ಬೆಳೆದಂತೆ ಹೊಳೆಯ ಬಾಯಿ ಪಕ್ಕಕ್ಕೆ ಸರಿಯುತ್ತದೆ, ದೊಡ್ಡ ನೆರೆ ಬಂದಾಗ ನೀರು ಬೇರೊಂದು ಕಡೆ ದಾರಿ ಮಾಡಿಕೊಳ್ಳಬಹುದು, ಮತ್ತು ಆಗ ಒಂದು ದಡದವರು ಕಳೆದುಕೊಂಡ ಮರಳು ಇನ್ನೊಂದು ದಡದವರ ಪಾಲಾಗುತ್ತದೆ. ಈ ಬದಲಾವಣೆ ಹತ್ತಾರು ವರ್ಷಗಳ ಲೆಕ್ಕದ್ದು. ಸರ್ವೆ ಆಫ್ ಇಂಡಿಯಾದ ಹಳೆಯ ನಕಾಶೆಗಳನ್ನೂ 1980ರ ದಶಕದಿಂದೀಚಿನ ಲ್ಯಾಂಡ್‌ಸ್ಯಾಟ್ ಉಪಗ್ರಹ ಚಿತ್ರಗಳನ್ನೂ ಒಟ್ಟಿಗಿಟ್ಟು ನೋಡಿದರೆ ಮಾತ್ರ ಅದು ಕಣ್ಣಿಗೆ ಬೀಳುತ್ತದೆ.

ಹೊಳೆಯಿಂದ ಬರುವ ಮರಳೇ ಕಡಿಮೆಯಾಗಿದೆಯೇ ಎಂಬ ಪ್ರಶ್ನೆಯೂ ನ್ಯಾಯವಾದದ್ದು. ಶರಾವತಿಗೆ 1964ರಲ್ಲಿ ಲಿಂಗನಮಕ್ಕಿ ಬಂತು, ಕೆಳಗೆ ಗೇರುಸೊಪ್ಪೆಯಲ್ಲಿ ಇನ್ನೊಂದು ಅಣೆಕಟ್ಟು ಬಂತು. ಕಾಳಿಗೆ ಸೂಪಾ, ಕದ್ರಾ ಇತ್ಯಾದಿಗಳಿವೆ. ಅಘನಾಶಿನಿಗೆ ಅಂತಹ ತಡೆ ಇಲ್ಲ. ಜಲಾಶಯದಲ್ಲಿ ತಂಗಿದ ಮರಳು ಕಡಲಿಗೆ ಬರುವುದಿಲ್ಲ, ಅಣೆಕಟ್ಟಿನ ಕೆಳಗೆ ಹೊಳೆಪಾತ್ರದಿಂದ ಮನೆ ಕಟ್ಟಲು ತೆಗೆದ ಮರಳೂ ಬರುವುದಿಲ್ಲ. ಆದರೆ ಎಲ್ಲವನ್ನೂ ಅಣೆಕಟ್ಟಿನ ತಲೆಗೆ ಕಟ್ಟಿ ಕೈ ತೊಳೆದುಕೊಳ್ಳುವುದನ್ನು ನಾನು ಒಪ್ಪುವುದಿಲ್ಲ. ಬಂದರಿಗಾಗಿ ಚಾಚಿದ ಒಂದು ಕಲ್ಲಿನ ಕಟ್ಟೆ ದಡದಗುಂಟ ಸಾಗುವ ಮರಳನ್ನು ತಡೆದು, ಒಂದು ಪಕ್ಕದಲ್ಲಿ ಬೇಲೆಯನ್ನು ಬೆಳೆಸಿ ಇನ್ನೊಂದು ಪಕ್ಕದಲ್ಲಿ ಸವೆಸಲು ಕೆಲವೇ ವರ್ಷಗಳು ಸಾಕು.

ಉತ್ತರ: ಟೊಂಕದವನು

ಕೋಡಿಬಾಗ ಅವರು ಬರೆದುದರಲ್ಲಿ ತಪ್ಪಿಲ್ಲ. ಆದರೂ ನಾನು ದಂಡೆಯ ಮೇಲೆ ಹುಟ್ಟಿ ಬೆಳೆದವನಾಗಿ ಇನ್ನೊಂದು ಮಗ್ಗುಲನ್ನು ಹೇಳಲೇಬೇಕು. ಮರಳು ಅಕ್ಟೋಬರ್‌ನಲ್ಲಿ ತಿರುಗಿ ಬರುತ್ತದೆ ಎಂಬ ಮಾತು ಸತ್ಯವೇ ಇರಬಹುದು, ಆದರೆ ಜುಲೈ ತಿಂಗಳ ರಾತ್ರಿ ಅಡುಗೆಮನೆಯ ಗೋಡೆಗೆ ಅಲೆ ಬಡಿಯುವಾಗ ಆ ಸತ್ಯವನ್ನು ಹಿಡಿದುಕೊಂಡು ಯಾರೂ ನಿದ್ದೆ ಮಾಡಲಾರರು. ಕುಸಿದ ಮನೆ ಮರಳಿನ ಜೊತೆ ತಿರುಗಿ ಬರುವುದಿಲ್ಲ. ಹಾಗಾಗಿ ಕೇರಿಯವರು ಗೋಡೆ ಕೇಳುವುದನ್ನು ಅಜ್ಞಾನ ಎಂದು ಯಾರೂ ತಳ್ಳಿಹಾಕಬಾರದು.

ಹಾಗೆಂದು ಕಲ್ಲು ತಂದು ಸುರಿದರೆ ಕೆಲಸ ಮುಗಿಯಿತು ಎಂದೂ ನಾನು ಹೇಳಲಾರೆ. ನಮ್ಮ ನೆರೆಯ ಒಂದು ಊರಿನಲ್ಲಿ ಗೋಡೆ ಬಂದ ಮೇಲೆ ಅದರ ಹಿಂದಿನ ಮನೆಗಳು ಉಳಿದವು, ನಿಜ. ಆದರೆ ಗೋಡೆ ಮುಗಿಯುವ ತುದಿಯಲ್ಲಿದ್ದ ತೋಟ ಮುಂದಿನ ಮಳೆಗಾಲದಲ್ಲಿಯೇ ಬಗೆದುಹೋಯಿತು, ಏಕೆಂದರೆ ಗೋಡೆಗೆ ಬಡಿದ ಅಲೆ ತುದಿಯಲ್ಲಿ ಸುತ್ತಿ ಬಂದು ಸಡಿಲ ನೆಲವನ್ನೇ ಕೊರೆಯಿತು. ತೋಟದವರು ಗೋಡೆಯನ್ನು ಉದ್ದ ಮಾಡಿರೆಂದು ಕೇಳಿದರು. ಉದ್ದ ಮಾಡಿದ ಮೇಲೆ ಸಮಸ್ಯೆ ಅವರ ಪಕ್ಕದವರಿಗೆ ಹೋಯಿತು. ಗೋಡೆಯ ಎದುರಿನ ಬೇಲೆಯೂ ತಗ್ಗಿತು. ಇಳಿಜಾರು ಬೇಲೆಯಲ್ಲಿ ಸೊರಗುವ ಅಲೆ ಕಲ್ಲಿಗೆ ಬಡಿದಾಗ ಅದೇ ರಭಸದಲ್ಲಿ ಕೆಳಗಿಳಿದು ಬುಡದ ಮರಳನ್ನು ತೆಗೆಯುತ್ತದೆ, ಬುಡ ಹೋದಂತೆ ಕಲ್ಲುಗಳೂ ಹೂತುಹೋಗುತ್ತವೆ. ಕಲ್ಲಿನಡಿಯಲ್ಲಿ ನೀರನ್ನು ಬಿಟ್ಟು ಮರಳನ್ನು ತಡೆಯುವ ಜಿಯೋಟೆಕ್ಸ್‌ಟೈಲ್ ಬಟ್ಟೆ, ಅದರ ಮೇಲೆ ಸಣ್ಣ ಜಲ್ಲಿ, ಆಮೇಲೆ ದೊಡ್ಡ ಬಂಡೆ ಎಂಬ ಕ್ರಮವನ್ನು ಬಿಟ್ಟು ಬರಿಯ ಬಂಡೆ ಇಳಿಸಿದ ಕಡೆಗಳಲ್ಲಿ ಕೆಲವೇ ಮಳೆಗಾಲಗಳ ನಂತರ ಮತ್ತೆ ಲಾರಿ ಬರಬೇಕಾಗುತ್ತದೆ.

ಮೀನುಗಾರರಿಗೆ ಬೇಲೆ ಎಂದರೆ ಕೆಲಸದ ಜಾಗ. ದೋಣಿ ಎಳೆದು ಹಾಕುವುದು, ಬಲೆ ಹರವಿ ರಿಪೇರಿ ಮಾಡುವುದು, ಮೀನು ಒಣಗಿಸುವುದು ಎಲ್ಲವೂ ಅಲ್ಲಿಯೇ. ಹಿಂದೆ ರಂಪಣಿ ಬಲೆಯನ್ನು ಹತ್ತಾರು ಜನ ಸೇರಿ ದಡದಿಂದಲೇ ಎಳೆಯುತ್ತಿದ್ದರು. 1970ರ ದಶಕದ ಕೊನೆಗೆ, ಕಡಲಿನಲ್ಲಿಯೇ ಮೀನಿನ ಹಿಂಡನ್ನು ಬಲೆಯಿಂದ ಸುತ್ತುವರಿದು ಹಿಡಿಯುವ ಪರ್ಸೀನ್ ಬೋಟುಗಳು ಬಂದ ಮೇಲೆ ಅದು ಕುಗ್ಗಿತು. ಆದರೂ ಸಣ್ಣ ಎಳೆಬಲೆಗಳು ಈಗಲೂ ಇವೆ, ಅವಕ್ಕೆ ತೆರೆದ ಮರಳು ಬೇಕು. ಗೋಡೆಯ ಮುಂದೆ ಮರಳೇ ಉಳಿಯದಿದ್ದರೆ ಮನೆ ಉಳಿಸಿಕೊಂಡು ಕಸುಬು ಕಳೆದುಕೊಂಡಂತಾಗುತ್ತದೆ. ನನ್ನ ಅಭಿಪ್ರಾಯ ಇಷ್ಟು: ಮನೆಗಳು ಒತ್ತಾಗಿರುವ ಕಡೆ ಗೋಡೆ ಬೇಕಾದರೆ ಆಗಲಿ, ಆದರೆ ಅದು ಸಾಧ್ಯವಾದಷ್ಟು ಹಿಂದಕ್ಕೆ, ಮನೆಗಳ ಹತ್ತಿರ ಬರಲಿ. ನಡುನಡುವೆ ದೋಣಿ ಇಳಿಸುವ ದಾರಿ ಇರಲಿ. ಖಾಲಿ ತೋಟ, ಖಾಲಿ ನಿವೇಶನಗಳ ಮುಂದೆ ಗೋಡೆ ಕೇಳುವುದು ಬೇಡ.

ಉತ್ತರ: ಅಪ್ಸರಕೊಂಡದ ಹಾದಿ

ಪ್ರಶ್ನೆಯ ಮೂರನೆಯ ಭಾಗಕ್ಕೆ ಯಾರೂ ಬಾರದ್ದರಿಂದ ನಾನು ಬರೆಯುತ್ತೇನೆ. ನಮ್ಮ ಕಡೆ ದಡಕ್ಕೆ ಬರುವುದು ಮುಖ್ಯವಾಗಿ ಆಲಿವ್ ರಿಡ್ಲೆ ಕಡಲಾಮೆ. ಒಡಿಶಾದ ಗಹಿರ್ಮಾಥಾ, ಋಷಿಕುಲ್ಯಗಳಲ್ಲಿ ಬರುವಂತೆ ಸಾವಿರಗಟ್ಟಲೆಯಾಗಿ ಅಲ್ಲ, ಒಂಟೊಂಟಿಯಾಗಿ ಬರುತ್ತವೆ. ಹೊನ್ನಾವರದ ಕಾಸರಕೋಡ, ಕಾರವಾರದ ದೇವಬಾಗ ಮುಂತಾದ ಕಡೆಗಳಲ್ಲಿ ಗೂಡು ಸಿಕ್ಕಾಗ ಅರಣ್ಯ ಇಲಾಖೆಯವರು ಬಲೆ ಕಟ್ಟಿ ಕಾಯುತ್ತಾರೆ, ಸುಳಿವು ಕೊಡುವವರು ಬಹಳ ಸಲ ಮೀನುಗಾರರೇ ಆಗಿರುತ್ತಾರೆ.

ಈ ಆಮೆಯ ಕಾಲಗಣನೆ ಕೋಡಿಬಾಗ ಅವರು ವಿವರಿಸಿದ ಮರಳಿನ ಕಾಲಗಣನೆಗೆ ಹೇಗೆ ಹೊಂದಿಕೊಂಡಿದೆ ನೋಡಿ. ಮಳೆಗಾಲದ ಅಲೆ ಇಳಿದು ಬೇಲೆ ತುಂಬತೊಡಗಿದ ಮೇಲೆ, ಚಳಿಗಾಲದ ತಿಂಗಳುಗಳಲ್ಲಿ, ಹೆಣ್ಣಾಮೆ ರಾತ್ರಿ ದಡಕ್ಕೇರಿ ಭರತದ ಗೆರೆಯ ಮೇಲ್ಗಡೆ ಮೊಳದಷ್ಟು ಆಳದ ಕುಳಿ ತೋಡಿ ನೂರರ ಆಸುಪಾಸು ಮೊಟ್ಟೆ ಇಡುತ್ತದೆ. ಅವು ಒಡೆಯಲು 45ರಿಂದ 60 ದಿನ ಬೇಕು. ಅಷ್ಟು ದಿನ ಆ ಕುಳಿಗೆ ಉಪ್ಪುನೀರು ನುಗ್ಗಬಾರದು, ಮರಳು ಸಡಿಲವಾಗಿದ್ದು ಗಾಳಿಯಾಡಬೇಕು, ಕಾವು ಹದವಾಗಿರಬೇಕು. ಮರಿ ಗಂಡಾಗುವುದೋ ಹೆಣ್ಣಾಗುವುದೋ ಎಂಬುದನ್ನು ನಿರ್ಧರಿಸುವುದು ಮರಳಿನ ಕಾವೇ: ಬಿಸಿ ಹೆಚ್ಚಿದರೆ ಹೆಣ್ಣು, ತಂಪಾದರೆ ಗಂಡು. ಹೀಗಿರುವಾಗ ಭರತದ ಗೆರೆಯ ಮೇಲೆ ಒಣ ಮರಳೇ ಉಳಿಯದಂತೆ ಕಲ್ಲು ನಿಂತರೆ, ಏರಿ ಬಂದ ಆಮೆ ಕಲ್ಲಿಗೆ ತಾಗಿ ಮೊಟ್ಟೆ ಇಡದೆ ಹಿಂತಿರುಗುತ್ತದೆ, ಇಲ್ಲವೇ ನೀರು ಏರುವ ಜಾಗದಲ್ಲಿಯೇ ಇಟ್ಟುಹೋಗುತ್ತದೆ.

ಗೋಡೆಯಷ್ಟೇ ಕೆಡುಕು ಮಾಡುವ ಇನ್ನೊಂದು ಸಂಗತಿ ದೀಪ. ಮೊಟ್ಟೆಯೊಡೆದ ಮರಿಗಳು ಕಡಲಿನ ಮೇಲಿನ ಮಂದ ಬೆಳಕಿನ ಕಡೆಗೆ ನಡೆಯುತ್ತವೆ. ಹಿಂದೆ ರೆಸಾರ್ಟಿನ ಫ್ಲಡ್‌ಲೈಟ್ ಇದ್ದರೆ ಅತ್ತಲೇ ತಿರುಗಿ ನಾಯಿ, ನರಿ, ಕಾಗೆಗಳ ಪಾಲಾಗುತ್ತವೆ. ತಡೆಗೋಡೆಯ ವಿರುದ್ಧ ಲೇಖನ ಬರೆಯುವ ಎಷ್ಟೋ ಮಂದಿ ಈ ದೀಪಗಳ ಬಗ್ಗೆ ಒಂದು ಸಾಲನ್ನೂ ಬರೆಯುವುದಿಲ್ಲ ಎಂಬುದು ನನಗೆ ವಿಚಿತ್ರವಾಗಿ ಕಾಣುತ್ತದೆ.

ಆಮೆ ಕಣ್ಣಿಗೆ ಬೀಳುವ ಜೀವಿ. ಬೇಲೆಯನ್ನು ಜೀವಂತವಾಗಿಡುವವು ಮಾತ್ರ ಮರಳಿನೊಳಗೇ ಇವೆ. ಅಲೆ ಹಿಂದೆ ಸರಿದ ಕ್ಷಣದಲ್ಲಿ ಮತ್ತೆ ಹೂತುಕೊಳ್ಳುವ ಸಣ್ಣ ಬೆಣೆಯಾಕಾರದ ಚಿಪ್ಪುಜೀವಿಗಳು, ಮರಳಿನಲ್ಲಿನ ಪಾಚಿಯನ್ನು ಸೋಸಿ ತಿಂದು ಉಳಿದುದನ್ನು ಪುಟ್ಟ ಉಂಡೆಗಳಾಗಿ ಉಗುಳುವ ಏಡಿಗಳು, ಭರತದ ಗೆರೆಯ ಮೇಲೆ ಆಳವಾದ ಬಿಲ ತೋಡಿ ರಾತ್ರಿ ಹೊರಬರುವ, ಕಣ್ಣು ಮೇಲಕ್ಕೆ ಚಾಚಿದ ಬಿಳಿಚು ಏಡಿಗಳು ಒಂದೊಂದೂ ಬೇಲೆಯ ಒಂದೊಂದು ಪಟ್ಟಿಯಲ್ಲಿ ಬಾಳುತ್ತವೆ. ಮಳೆಗಾಲದ ನಂತರ ಉತ್ತರ ಧ್ರುವದ ಕಡೆಯಿಂದ ಬರುವ ಸ್ಯಾಂಡರ್ಲಿಂಗ್ ಹಕ್ಕಿಗಳು, ಮಧ್ಯ ಏಷ್ಯಾದ ಎತ್ತರದ ನೆಲಗಳಿಂದ ಬರುವ ಮರಳುಗೊರವಗಳು ಇಂತಹ ಸಣ್ಣ ಜೀವಿಗಳನ್ನೇ ನೆಚ್ಚಿಕೊಂಡು ಏಪ್ರಿಲ್‌ವರೆಗೆ ಇಲ್ಲಿರುತ್ತವೆ. ಬೇಲೆ ಕಿರಿದಾದಾಗ ಮೊದಲು ಇಲ್ಲವಾಗುವುದು ಮೇಲಿನ ಒಣಪಟ್ಟಿ, ಅದರೊಂದಿಗೆ ಬಿಳಿಚು ಏಡಿ ಮತ್ತು ಆಮೆಯ ಜಾಗ. ಆದ್ದರಿಂದ ಮಾರ್ಚ್ ತಿಂಗಳ ಬೆಳಗ್ಗೆ ಏಡಿಯ ಬಿಲಗಳು ಎಲ್ಲಿಂದ ಎಲ್ಲಿಯವರೆಗೆ ಇವೆ ಎಂದು ನೋಡುವುದೂ ಬೇಲೆಯ ಆರೋಗ್ಯವನ್ನು ತಿಳಿಯುವ ಒಂದು ದಾರಿ.

ದಿಣ್ಣೆಯ ಸಸ್ಯಗಳ ಬಗ್ಗೆ ಒಂದು ಮಾತು. ಎರಡಾಗಿ ಸೀಳಿದ ಎಲೆಯ, ನೇರಳೆ ಹೂವಿನ ಅಡುಂಬು ಬಳ್ಳಿ ಮತ್ತು ಚೂಪಾದ ರಾವಣನ ಮೀಸೆ ಹುಲ್ಲು ಗಾಳಿಯಲ್ಲಿ ಬರುವ ಮರಳನ್ನು ಹಿಡಿದು ದಿಣ್ಣೆಯನ್ನು ಕಟ್ಟುತ್ತವೆ. ಬೇಲೆಯನ್ನು “ಸ್ವಚ್ಛ” ಮಾಡುವ ಹುಮ್ಮಸ್ಸಿನಲ್ಲಿ ಇವನ್ನೂ, ಅಲೆ ತಂದು ಹಾಕಿದ ಕಡಲಪಾಚಿಯನ್ನೂ ಕಿತ್ತು ಹಾಕುವುದುಂಟು. ಕಾಸರಕೋಡ ಬೇಲೆಗೆ 2020ರಲ್ಲಿ, ಸ್ವಚ್ಛ ಬೇಲೆಗಳಿಗೆ ಕೊಡುವ ಅಂತಾರಾಷ್ಟ್ರೀಯ ಬ್ಲೂ ಫ್ಲ್ಯಾಗ್ ಮಾನ್ಯತೆ ಬಂದಾಗ ನಾವೆಲ್ಲ ಸಂತೋಷಪಟ್ಟೆವು. ಪ್ಲಾಸ್ಟಿಕ್ ತೆಗೆಯುವುದು ಒಳ್ಳೆಯ ಕೆಲಸ. ಆದರೆ ಒಣಗಿದ ಪಾಚಿ ಕಸವಲ್ಲ, ಅದು ಹುಳಹುಪ್ಪಟೆಗೂ ಏಡಿಗೂ ಆಹಾರ. ಗಾಳಿಮರವನ್ನು ನೀರಿನಂಚಿನವರೆಗೂ ಒತ್ತಾಗಿ ನೆಡುವುದಕ್ಕೂ ನನ್ನ ಆಕ್ಷೇಪವಿದೆ, ಏಕೆಂದರೆ ಅದರ ನೆರಳು, ಬೇರು, ಉದುರಿದ ಸೂಜಿಯೆಲೆಗಳ ನಡುವೆ ಆಮೆಗೆ ತೋಡಲು ಜಾಗ ಸಿಗುವುದಿಲ್ಲ.

ಮನವಿ ಬರೆಯುವವರಿಗೆ ಇನ್ನೊಂದು ಸೂಚನೆ: ಆಲಿವ್ ರಿಡ್ಲೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಮೊದಲ ಅನುಸೂಚಿಯಲ್ಲಿದೆ, ಮತ್ತು ಆಮೆ ಮೊಟ್ಟೆ ಇಡುವ ತಾಣಗಳೂ ಮರಳಿನ ದಿಣ್ಣೆಗಳೂ ಕರಾವಳಿ ನಿಯಂತ್ರಣ ವಲಯದ ನಿಯಮಗಳಲ್ಲಿ ಅತ್ಯಂತ ಕಟ್ಟುನಿಟ್ಟಿನ ವರ್ಗಕ್ಕೆ ಸೇರುತ್ತವೆ. ಗೂಡಿನ ದಾಖಲೆ ಇರುವ ಕಡೆ ಗೋಡೆ ಕೇಳುವ ಮೊದಲು ಅರಣ್ಯ ಇಲಾಖೆಯ ದಾಖಲೆಯನ್ನು ನೋಡಿಕೊಳ್ಳುವುದು ಒಳ್ಳೆಯದು.

ಮರುಪ್ರಶ್ನೆ: ಶಿರಸಿ ಓದುಗ

ಮೂವರಿಗೂ ಕೃತಜ್ಞತೆಗಳು. ಮನವಿಯ ಈಗಿನ ಕರಡಿನಲ್ಲಿ ಇಡೀ ಬೇಲೆಯ ಉದ್ದಕ್ಕೂ ಗೋಡೆ ಕೇಳಲಾಗಿದೆ. ಟೊಂಕದವರು ಹೇಳಿದಂತೆ ಮನೆಗಳಿರುವ ಭಾಗಕ್ಕೆ ಮಾತ್ರ ಅದನ್ನು ಸೀಮಿತಗೊಳಿಸಲು ಅತ್ತೆಯವರು ಕೇರಿಯವರೊಂದಿಗೆ ಮಾತನಾಡುವವರಿದ್ದಾರೆ. ಇನ್ನು, ಕೊರೆತ ಋತುವಿನದೋ ಶಾಶ್ವತವೋ ಎಂದು ನಾವೇ ಅಳೆದು ನೋಡಲು ಸಾಧ್ಯವೇ? ಯಂತ್ರವಾಗಲಿ ಪರಿಣತಿಯಾಗಲಿ ನಮ್ಮಲ್ಲಿಲ್ಲ.

ಉತ್ತರ: ಕೋಡಿಬಾಗ

ಖಂಡಿತ ಸಾಧ್ಯ, ಮತ್ತು ಖರ್ಚು ಎರಡು ಕೋಲುಗಳಷ್ಟೇ. 1961ರಲ್ಲಿ ಎಮೆರಿ ಎಂಬ ಭೂವಿಜ್ಞಾನಿ ಪ್ರಕಟಿಸಿದ ವಿಧಾನ ಇದು, ಇಂದಿಗೂ ಬಳಕೆಯಲ್ಲಿದೆ. ಒಂದೇ ಎತ್ತರದ, ಸೆಂಟಿಮೀಟರ್ ಗುರುತು ಹಾಕಿದ ಎರಡು ಕೋಲುಗಳನ್ನು ಮಾಡಿಕೊಳ್ಳಿ. ಸ್ಥಿರವಾದ ಒಂದು ಗುರುತಿನಿಂದ, ಉದಾಹರಣೆಗೆ ಚಿರೇಕಲ್ಲಿನ ಕಾಂಪೌಂಡಿನ ಮೂಲೆಯಿಂದ, ನೇರವಾಗಿ ಕಡಲಿನ ಕಡೆಗೆ ಹೊರಡಿ. ಎರಡೂ ಕೋಲುಗಳನ್ನು ನಿಗದಿತ ಅಂತರದಲ್ಲಿ ನೆಟ್ಟಗೆ ನಿಲ್ಲಿಸಿ. ದಂಡೆಯ ಕಡೆಯ ಕೋಲಿನ ಹಿಂದೆ ನಿಂತು, ಕಡಲಿನ ಕಡೆಯ ಕೋಲಿನ ತುದಿಯನ್ನು ದಿಗಂತದ ಗೆರೆಗೆ ಸರಿಹೊಂದಿಸಿದರೆ, ಆ ನೋಟದ ಗೆರೆ ನಿಮ್ಮ ಹತ್ತಿರದ ಕೋಲನ್ನು ತುದಿಯಿಂದ ಎಷ್ಟು ಕೆಳಗೆ ದಾಟುತ್ತದೆಯೋ ನೆಲ ಅಷ್ಟು ಇಳಿದಿದೆ ಎಂದರ್ಥ. ನಡುವೆ ನೆಲ ಏರಿದ್ದರೆ ಹತ್ತಿರದ ಕೋಲಿನ ತುದಿಯನ್ನು ದಿಗಂತಕ್ಕೆ ಹಿಡಿದು ದೂರದ ಕೋಲಿನ ಮೇಲೆ ಓದಿಕೊಳ್ಳಿ. ಹೀಗೆ ಹೆಜ್ಜೆ ಹೆಜ್ಜೆಯಾಗಿ ನೀರಿನವರೆಗೆ ಹೋದರೆ ಬೇಲೆಯ ಪೂರ್ತಿ ಇಳಿಜಾರು ಕಾಗದದ ಮೇಲೆ ಬರುತ್ತದೆ.

ಇದರೊಂದಿಗೆ ಅದೇ ಮೂಲೆಯಿಂದ ಬಳ್ಳಿ–ಹುಲ್ಲಿನ ಅಂಚಿನವರೆಗಿನ ದೂರವನ್ನು ಟೇಪಿನಲ್ಲಿ ಅಳೆಯಿರಿ. ನೀರಿನ ಅಂಚು ಗಂಟೆಗೊಮ್ಮೆ ಬದಲಾಗುತ್ತದೆ, ಸಸ್ಯದ ಅಂಚು ಹಾಗೆ ಬದಲಾಗುವುದಿಲ್ಲ. ಮಳೆಗಾಲ ಮುಗಿಯುವಾಗ ಒಮ್ಮೆ, ಮಾರ್ಚ್‌ನಲ್ಲಿ ಇನ್ನೊಮ್ಮೆ, ಅಮಾವಾಸ್ಯೆ ಅಥವಾ ಹುಣ್ಣಿಮೆಯ ಇಳಿತದ ಹೊತ್ತಿಗೆ ಅಳೆದು, ಒಂದೇ ಜಾಗದಿಂದ ಒಂದೇ ದಿಕ್ಕಿಗೆ ಫೋಟೋ ತೆಗೆದಿಡಿ. ಮಾರ್ಚ್ ತಿಂಗಳ ಅಳತೆಗಳನ್ನು ಮಾರ್ಚ್ ತಿಂಗಳ ಅಳತೆಗಳೊಂದಿಗೆ ಮಾತ್ರ ಹೋಲಿಸಬೇಕು. ಒಂದೆರಡು ವರ್ಷಗಳ ಲೆಕ್ಕದಿಂದ ತೀರ್ಮಾನಕ್ಕೆ ಬರಬೇಡಿ, ಏಕೆಂದರೆ ಒಂದು ಬಲವಾದ ತೂಫಾನಿನಿಂದ ಚೇತರಿಸಿಕೊಳ್ಳಲು ಬೇಲೆಗೆ ಒಂದಕ್ಕಿಂತ ಹೆಚ್ಚು ಬೇಸಿಗೆ ಬೇಕಾಗಬಹುದು.

ದೊಡ್ಡ ಚಿತ್ರ ಬೇಕೆಂದಾದರೆ, ಚೆನ್ನೈನ ರಾಷ್ಟ್ರೀಯ ಕರಾವಳಿ ಸಂಶೋಧನಾ ಕೇಂದ್ರವು 1990ರಿಂದ 2018ರವರೆಗಿನ ಉಪಗ್ರಹ ಚಿತ್ರಗಳಿಂದ ದೇಶದ ಮುಖ್ಯ ಭೂಭಾಗದ ಕರಾವಳಿಯನ್ನು ಅಳೆದಿದೆ. ಅದರ ಪ್ರಕಾರ ಶೇ. 33.6ರಷ್ಟು ದಡ ಸವೆಯುತ್ತಿದೆ, ಶೇ. 26.9ರಷ್ಟು ಬೆಳೆಯುತ್ತಿದೆ, ಉಳಿದದ್ದು ಸ್ಥಿರವಾಗಿದೆ. ಕರ್ನಾಟಕದಲ್ಲಿ ಸವೆಯುವ ಪಾಲು ದೇಶದ ಸರಾಸರಿಗಿಂತ ಕಡಿಮೆ. ಕಡಲಮಟ್ಟದ ಏರಿಕೆಯನ್ನೂ ಲೆಕ್ಕದಲ್ಲಿಡಬೇಕು: 1993ರಿಂದ 2015ರ ನಡುವೆ ಉತ್ತರ ಹಿಂದೂ ಮಹಾಸಾಗರ ವರ್ಷಕ್ಕೆ ಸುಮಾರು 3.3 ಮಿಲಿಮೀಟರ್‌ನಂತೆ ಏರಿದೆ. ಒಂದು ಮಳೆಗಾಲದ ಕೊರೆತದ ಮುಂದೆ ಇದು ಅತ್ಯಲ್ಪವಾಗಿ ಕಂಡರೂ, ಇಳಿಜಾರು ಕಡಿಮೆ ಇರುವ ಬೇಲೆಯಲ್ಲಿ ಪ್ರತಿ ಮಳೆಗಾಲದ ಅಲೆಗಳೂ ಹಿಂದಿಗಿಂತ ತುಸು ಮೇಲಿನಿಂದ ಕೆಲಸ ಆರಂಭಿಸುತ್ತವೆ.

ಉತ್ತರ: ಟೊಂಕದವನು

ಒಂದು ತಿದ್ದುಪಡಿ. ಅಳೆಯಲು ಒಂದೇ ಗೆರೆ ಸಾಲದು. ಅಳಿವೆಯ ಹತ್ತಿರ ಒಂದು, ಕೇರಿಯ ನಡುವೆ ಒಂದು, ಉತ್ತರದ ತುದಿಯಲ್ಲಿ ಒಂದು ಹೀಗೆ ಮೂರು ಕಡೆ ಅಳೆಯಿರಿ, ಏಕೆಂದರೆ ಒಂದು ತುದಿಯಲ್ಲಿ ಹೋದ ಮರಳು ಇನ್ನೊಂದು ತುದಿಯಲ್ಲಿ ಕುಳಿತಿರುವುದನ್ನು ನಾವು ಎಷ್ಟೋ ಸಲ ನೋಡಿದ್ದೇವೆ. ಕಾಂಪೌಂಡಿನ ಮೂಲೆಯನ್ನು ಗುರುತಾಗಿ ಇಟ್ಟುಕೊಳ್ಳುವ ಮೊದಲು ಅದು ದಂಡೆಯಿಂದ ಸಾಕಷ್ಟು ಹಿಂದಿದೆಯೇ ಎಂದೂ ನೋಡಿಕೊಳ್ಳಿ. ಗುರುತೇ ಕಡಲಿಗೆ ಬಿದ್ದರೆ ಲೆಕ್ಕ ಅಲ್ಲಿಗೆ ನಿಲ್ಲುತ್ತದೆ. ಮನವಿಯಲ್ಲಿ ಗೋಡೆಯ ಬೇಡಿಕೆಯ ಜೊತೆಗೆ ಅದರ ಎರಡೂ ತುದಿಗಳಲ್ಲಿ ಬರುವ ತೋಟಗಳವರ ಒಪ್ಪಿಗೆ, ದೋಣಿ ಇಳಿಸುವ ದಾರಿಯ ಅಗಲ, ಆಮೆಗೂಡು ಸಿಕ್ಕ ಜಾಗಗಳ ನಕಾಶೆ ಇಷ್ಟನ್ನು ಸೇರಿಸಿ. ನಕಾಶೆಯನ್ನು ಬರೆಯುವಾಗ ಎಳೆಬಲೆಯವರನ್ನು ಕೇಳಿ. ಯಾವ ಗೂಡು ಯಾವ ತಿಂಗಳಲ್ಲಿ ಎಲ್ಲಿ ಸಿಕ್ಕಿತ್ತು ಎಂದು ಅವರಿಗೆ ನೆನಪಿರುತ್ತದೆ.